ಆಚೆ ದಡದ ಕೊಡೆಗಳು

ಜಗನ್ನಾಥನ ಬೊಜ್ಜದ, ಅಂದರೆ ಉತ್ತರಕ್ರಿಯೆಯ, ಊಟ ಮುಗಿದು, ನೆಂಟರೆಲ್ಲ ಎದ್ದು ಹೋದ ಮೇಲೆ, ನನ್ನ ಮಗಳು ರೂಪಾ ಬೋಳಾರದ ಅವನ ಮನೆಯ ಕಪಾಟಿನಿಂದ ಒಂದು ತಗಡಿನ ಡಬ್ಬಿಯನ್ನು ತಂದು ನನ್ನ ಮುಂದೆ ಇಟ್ಟಳು. ಊಟದ ಬಟ್ಟಲಿನಷ್ಟು ಅಗಲದ ಚಪ್ಪಟೆ ಡಬ್ಬಿ. ಅಂಚಿಗೆಲ್ಲ ತುಕ್ಕು. ಮುಚ್ಚಳ ಕಚ್ಚಿಕೊಂಡಿತ್ತು, ಚಮಚದ ತುದಿ ತೂರಿಸಿ ಎಬ್ಬಿಸಬೇಕಾಯಿತು. ತೆರೆದ ಕೂಡಲೇ ಹುಳಿ ವಾಸನೆಯೊಂದು ಮೂಗಿಗೆ ಬಡಿಯಿತು. ಕುಲಶೇಖರದಲ್ಲಿ ನಮ್ಮ ಪಕ್ಕದ ಮನೆಯವರು ಕ್ರಿಸ್ಮಸ್ಸಿನ ಮುನ್ನಾದಿನ ಮಾಂಸಕ್ಕೆ ವಿನೆಗರ್ ಹಾಕುವಾಗ ಬೇಲಿ ದಾಟಿ ಬರುತ್ತಿತ್ತಲ್ಲ, ಅದೇ ವಾಸನೆ.

ಒಳಗಿನಿಂದ ನನ್ನ ಹೆಂಡತಿ ಸುಮತಿ ಕೇಳಿದಳು. “ಎಂತದು ಈ ವಾಸನೆ? ಯಾರು ಉಪ್ಪಿನಕಾಯಿ ಭರಣಿ ಬೀಳಿಸಿದ್ದು?”

“ಮಾಮನ ಸಿನೆಮಾ ಅಮ್ಮ. ಫಿಲ್ಮ್ ಹಾಳಾಗಿ ಹುಳಿ ಬಂದಿದೆ,” ಎಂದಳು ರೂಪಾ.

ಮಾಮನ ಸಿನೆಮಾ. ಐವತ್ತರ ಅಂಚಿನಲ್ಲಿರುವ ನನ್ನ ಮಗಳು ಇವತ್ತಿಗೂ ಅದನ್ನು ಹಾಗೆಯೇ ಕರೆಯುತ್ತಾಳೆ. ಅದರ ಕಥೆ ನನ್ನದು, ಮಾತು ನನ್ನದು. ಅದರಲ್ಲಿ ನಟಿಸಿದ ಹುಡುಗಿಯೂ ನನ್ನವಳೇ. ಆದರೂ ಅದು ಮಾಮನ ಸಿನೆಮಾ. ಆ ಮಾತು ಕೇಳಿದಾಗ, ಸತ್ತವನ ಮನೆಯಲ್ಲಿ, ಅವನಿಗೆ ಬಡಿಸಿದ ಎಲೆ ಇನ್ನೂ ಅಂಗಳದ ಮೂಲೆಯಲ್ಲಿ ಇರುವಾಗಲೇ, ನನ್ನ ಹೊಟ್ಟೆಯಲ್ಲಿ ಆ ಹಳೆಯ ಕಿಚ್ಚು ಮತ್ತೆ ಎದ್ದಿತು. ಇದ್ದದ್ದನ್ನು ಇದ್ದ ಹಾಗೆ ಹೇಳುತ್ತಿದ್ದೇನೆ.

ಜಗನ್ನಾಥ ಸುಮತಿಯ ತಮ್ಮ. ಮದುವೆಯಾಗಲಿಲ್ಲ. ಸ್ನಾನಕ್ಕೆ ಹೋದವನು ಹೊರಗೆ ಬರಲಿಲ್ಲ. ಬಾಗಿಲು ಒಡೆಯುವಾಗ ನಾನು ಅಲ್ಲಿಯೇ ನಿಂತಿದ್ದೆ. ಇದನ್ನು ನಿಧಾನವಾಗಿ ಬರೆಯುತ್ತಿದ್ದೇನೆ. ಕಣ್ಣಾರೆ ಕಂಡದ್ದು ಯಾವುದು, ನಾನಾಗಿ ಊಹಿಸಿಕೊಂಡದ್ದು ಯಾವುದು ಎಂದು ಬೇರೆ ಬೇರೆ ಇಡಬೇಕಾಗಿದೆ.

ಎಂಬತ್ತರ ದಶಕದ ನಡುವಿನ ಒಂದು ಮಳೆಗಾಲ. ಮಂಗಳೂರಿನ ಹಂಚಿನ ಮಾಡುಗಳ ಮೇಲೆ ಟಿವಿಯ ಆಂಟೆನಾ ಮೂಡತೊಡಗಿದ ಕಾಲ. ನಾನು ಹೈಸ್ಕೂಲಿನಲ್ಲಿ ಕನ್ನಡ ಮೇಷ್ಟ್ರು. ಮಕ್ಕಳಿಗಾಗಿ ರೇಡಿಯೋ ನಾಟಕ ಬರೆಯುತ್ತಿದ್ದೆ. ಮುಂದೆ ಮಕ್ಕಳ ಟಿವಿ ಕಾರ್ಯಕ್ರಮಗಳನ್ನೂ ಮನೆಮಂದಿ ಒಟ್ಟಿಗೆ ಕೂತು ನೋಡುವಂಥ ಸಣ್ಣ ಸಿನೆಮಾಗಳನ್ನೂ ಬರೆಯುವುದು, ಮಾಡಿಸುವುದೇ ನನ್ನ ಬದುಕಾಯಿತು. ಶಾಲೆಗೆ ಚಕ್ಕರ್ ಹೊಡೆಯುವ ಗಡಿಯಾರ, ಜಗಳಗಂಟಿ ತೆಂಗಿನಮರ, ಕೆಲಸ ಕಳಕೊಂಡ ದೆವ್ವ, ಹೀಗೆ ಬೇರೆಯವರು ಕೈಹಾಕದ ವಸ್ತುಗಳೇ ನನಗೆ ಸಿಗುತ್ತಿದ್ದವು. ಇವಕ್ಕೆಲ್ಲ ಮೊದಲಿನದು ಈ ಡಬ್ಬಿಯಲ್ಲಿದ್ದದ್ದು. ಹೆಸರು ‘ಬೆಕ್ಕಿನ ಶಾಲೆ’.

ಜಗನ್ನಾಥನನ್ನು ಮನೆಯವರು ಮುಂಬಯಿಯ ತಮ್ಮ ಹೋಟೆಲಿನ ಕ್ಯಾಶ್ ನೋಡಲು ಕಳಿಸಿದ್ದರು. ಅವನು ಕ್ಯಾಶ್ ಬಿಟ್ಟು ಸಿನೆಮಾದವರ ಹಿಂದೆ ಲೈಟು ಹೊತ್ತು, ಕ್ಲಾಪ್ ಹೊಡೆದು, ಕೊನೆಗೆ ಒಬ್ಬ ನಿರ್ದೇಶಕರ ಸಹಾಯಕನಾಗಿ, ಒಂದು ದಿನ ಊರಿಗೆ ಬಂದ. ಬಂದವನೇ, “ಭಾವ, ನಿಮ್ಮ ಹತ್ರ ಕಥೆ ಉಂಟಾ?” ಎಂದು ಕೇಳಿದ. ಇತ್ತು. ಆಟಿ ತಿಂಗಳ ಮಳೆಯಲ್ಲಿ ಒಮ್ಮೆ ನಾನು ಕಡವಿನ ದೋಣಿಯಲ್ಲಿ ಹೊಳೆ ದಾಟಿ, ಆಚೆ ದಡದ ಮೀನುಗಾರರ ಊರು ಬೆಂಗ್ರೆಗೆ ಹೋಗಿದ್ದೆ. ಮಳೆಗಾಲದಲ್ಲಿ ಸಮುದ್ರಕ್ಕೆ ಇಳಿಯುವಂತಿಲ್ಲ. ದೋಣಿಗಳನ್ನೆಲ್ಲ ಮರಳಿನ ಮೇಲೆ ಎಳೆದು, ತೆಂಗಿನ ಮಡಲು ಹೊದೆಸಿ ಇಟ್ಟಿದ್ದರು. ಮೀನಿಲ್ಲದೆ ಸೊರಗಿದ ಬೆಕ್ಕುಗಳು ಒಂದು ಮನೆಯ ಜಗಲಿಯ ಎದುರು, ಪ್ರಾರ್ಥನೆಗೆ ನಿಂತ ಮಕ್ಕಳ ಹಾಗೆ, ಸಾಲಾಗಿ ಕೂತಿದ್ದವು. ಅದನ್ನು ನೋಡಿ ಕಥೆ ಹೊಳೆಯಿತು. ಮುಂಬಯಿಯಲ್ಲಿರುವ ಅಪ್ಪ ತನ್ನ ಮಗಳನ್ನು ಒಂದು ಮಳೆಗಾಲದ ಮಟ್ಟಿಗೆ ಬೆಂಗ್ರೆಯ ಅಜ್ಜಿಮನೆಯಲ್ಲಿ ಬಿಟ್ಟಿದ್ದಾನೆ. ಹುಡುಗಿ ಮಗುಚಿಟ್ಟ ದೋಣಿಯ ಅಡಿಯಲ್ಲಿ ಹಸಿದ ಬೆಕ್ಕುಗಳಿಗೆ ಶಾಲೆ ನಡೆಸುತ್ತಾಳೆ. ಹಾಜರಿ ಕರೆಯುತ್ತಾಳೆ, ಮಧ್ಯಾಹ್ನದ ಊಟ ಹಾಕುತ್ತಾಳೆ. ಮಳೆ ಮುಗಿಯುವಾಗ ಕಡವಿನ ದೋಣಿಯಿಂದ ಅಪ್ಪ ಇಳಿದು ಬರುತ್ತಾನೆ. “ಬಾ ಮಗೂ, ಮಳೆ ನಿಂತಿತು” ಎನ್ನುತ್ತಾನೆ. ಅಲ್ಲಿಗೆ ಮುಗಿಯುತ್ತದೆ.

ಆ ಕೊನೆಯ ಮಾತಿಗಾಗಿಯೇ ನಾನು ಇಡೀ ಕಥೆ ಬರೆದದ್ದು ಎಂದರೂ ತಪ್ಪಿಲ್ಲ. ನಮ್ಮಲ್ಲಿ ವಂಶ ತಾಯಿಯ ಕಡೆಯಿಂದ. ಕಾನೂನು ಬದಲಾಗಿತ್ತು, ಮನೆಯೊಳಗಿನ ನಡೆ ಬದಲಾಗಿರಲಿಲ್ಲ. ಮಗುವಿನ ಎಲ್ಲ ಮುಖ್ಯ ಕೆಲಸಗಳಿಗೆ ತಾಯಿಯ ಅಣ್ಣ ಅಥವಾ ತಮ್ಮ ಬೇಕು. ನಾನು ಚಿಕ್ಕವನಿದ್ದಾಗ ನನ್ನ ಅಪ್ಪ ನಾವಿದ್ದ ಅಮ್ಮನ ತವರುಮನೆಗೆ ನೆಂಟರ ಹಾಗೆ ಬಂದು, ಕಾಲು ತೊಳೆದು, ಬೆಲ್ಲ ನೀರು ಕುಡಿದು, ಸಂಜೆಯ ಮೊದಲು ಹೊರಡುತ್ತಿದ್ದರು. ಶಾಲೆಗೆ ಸೇರಿಸಿದ್ದು ಮಾಮ, ಹೊಡೆದದ್ದು ಮಾಮ, ಜಾತ್ರೆಗೆ ಕರಕೊಂಡು ಹೋದದ್ದು ಮಾಮ. ನನ್ನ ಮಗಳ ಕಾಲಕ್ಕಾದರೂ ಬೇರೆಯಾಗಲಿ ಎಂದು ಕುಲಶೇಖರದಲ್ಲಿ ಬೇರೆ ಮನೆ ಮಾಡಿದೆ. ಆದರೂ ರೂಪಾಳ ಕಿವಿ ಚುಚ್ಚಿಸುವ ದಿನ ಅವಳು ಕೂತದ್ದು ಜಗನ್ನಾಥನ ತೊಡೆಯ ಮೇಲೆ. ನೋವಿಗೆ ಕಿರುಚಿ ಅವಳು ಕಚ್ಚಿದ್ದು ಅವನ ಅಂಗಿಯನ್ನು. ನಾನು ಹೊರಗೆ ಚಪ್ಪರದವನ ಹತ್ತಿರ ಮಾತಾಡುತ್ತಿದ್ದೆ.

ಟಿವಿ ಕೇಂದ್ರದವರು ಕಥೆ ಒಪ್ಪಿದರು. ರೂಪಾಳನ್ನೇ ಆ ಹುಡುಗಿಯ ಪಾತ್ರಕ್ಕೆ ಹಾಕುವ ಎಂದದ್ದು ನಾನು. ಅಜ್ಜಿಯ ಪಾತ್ರಕ್ಕೆ ಬೆಂಗ್ರೆಯ ಗಿರಿಜಕ್ಕ ಸಿಕ್ಕಿದರು. ಬೆಕ್ಕುಗಳು ಸಾಲಾಗಿ ಕೂತದ್ದು ಅವರದೇ ಜಗಲಿಯ ಎದುರು. ಅಪ್ಪನ ಪಾತ್ರಕ್ಕೆ ನಾಟಕದ ಸಂಜೀವಣ್ಣ, ಬ್ಯಾಂಕಿನ ಕೆಲಸದವರು. ಕೊನೆಯ ದೃಶ್ಯ ಬಿಟ್ಟರೆ ಅವರಿಗೆ ಬೇರೆ ಕೆಲಸವಿರಲಿಲ್ಲ. ಜಗನ್ನಾಥ ಮೊದಲ ದಿನವೇ ಒಂದು ಕಟ್ಟಳೆ ಮಾಡಿದ. ಶೂಟಿಂಗ್ ನಡೆಯುವ ಜಾಗದಲ್ಲಿ ತುಳುವೂ ಇಲ್ಲ, ಬ್ಯಾರಿಯೂ ಇಲ್ಲ. ಎಲ್ಲರೂ ಕನ್ನಡ ಮಾತಾಡಬೇಕು. ಇಲ್ಲದಿದ್ದರೆ ಮಕ್ಕಳ ನಾಲಿಗೆ ತಿರುಗುವುದಿಲ್ಲ ಎಂದ. ಹಾಗಾಗಿ ಆ ಮಳೆಗಾಲದಲ್ಲಿ ನಾವು ಮನೆಯವರೇ ಒಬ್ಬರಿಗೊಬ್ಬರು ಕನ್ನಡದಲ್ಲಿ ಜಗಳವಾಡಿದೆವು.

ಅವನು ಕೆಲಸ ಮಾಡುವ ಕ್ರಮವನ್ನು ಇಲ್ಲಿ ಸರಿಯಾಗಿ ಹೇಳಬೇಕು. ನಮ್ಮದು ಬಾಡಿಗೆಯ ಹಳೆ ಕ್ಯಾಮೆರಾ. ತಿರುಗುವಾಗ ಮಿಕ್ಸಿಯ ಹಾಗೆ ಸದ್ದು ಮಾಡುತ್ತಿತ್ತು. ಆದ್ದರಿಂದ ಶೂಟಿಂಗಿನಲ್ಲಿ ಧ್ವನಿ ಹಿಡಿಯುವ ಪ್ರಶ್ನೆಯೇ ಇರಲಿಲ್ಲ. ಮಾತು, ಮಳೆ, ಬೆಕ್ಕಿನ ಕೂಗು ಎಲ್ಲವನ್ನೂ ಆಮೇಲೆ ಬೆಂಗಳೂರಿನ ಸ್ಟುಡಿಯೋದಲ್ಲಿ ಸೇರಿಸುವುದು. ಇದರಿಂದ ಜಗನ್ನಾಥನಿಗೆ ಒಂದು ಅನುಕೂಲವಾಯಿತು. ಕ್ಯಾಮೆರಾ ಓಡುತ್ತಿರುವಾಗಲೂ ಅವನು ಮಕ್ಕಳ ಜೊತೆ ಮಾತಾಡುತ್ತಲೇ ಇರುತ್ತಿದ್ದ. “ರೂಪಾ, ಈಗ ನಿಧಾನ ತಿರುಗು. ಅಲ್ಲಿ ಆ ಕರಿಬೆಕ್ಕು ನಿನ್ನ ಪುಸ್ತಕ ತಿಂದಿತು. ಹೌದಾ? ಹೌದು! ಬಯ್ಯಿ ಅದಕ್ಕೆ. ಸಾಕು, ಈಗ ಪಾಪ ಅನ್ನಿಸ್ತದೆ ನಿನಗೆ.” ಅವನು ಹೇಳಿದ ಹಾಗೆ ಅವಳ ಮುಖ ಬದಲಾಗುತ್ತಿತ್ತು. ಗಾಳಿಗೆ ಗದ್ದೆಯ ಬಣ್ಣ ಬದಲಾಗುವ ಹಾಗೆ.

ನಾನು ಬರೆದ ಮಾತುಗಳನ್ನು ಮನೆಯಲ್ಲಿ ಅವಳಿಗೆ ಕಲಿಸಿದವನು ನಾನು. ನನ್ನೆದುರು ಅವಳು ಪಾಠ ಒಪ್ಪಿಸುವ ಹಾಗೆ ಕೈಕಟ್ಟಿ ನಿಲ್ಲುತ್ತಿದ್ದಳು. ಅವನ ಎದುರು ಅದೇ ಮಾತು ಅವಳದೇ ಆಗಿಬಿಡುತ್ತಿತ್ತು. ಬೆಂಗ್ರೆಯ ಮಕ್ಕಳೆಲ್ಲ ಅವನ ಹಿಂದೆ. ಬೆಕ್ಕುಗಳು ಕೂಡ. ಅವನ ಪ್ಯಾಂಟಿನ ಜೇಬಿನಲ್ಲಿ ಒಣಮೀನು ಇರುತ್ತಿತ್ತು ಎಂಬುದು ನಿಜ. ಆದರೆ ಒಂದು ದಿನ ನಾನೂ ಜೇಬಿನಲ್ಲಿ ಒಣಮೀನು ಇಟ್ಟುಕೊಂಡು ಹೋದೆ. ಒಂದು ಬೆಕ್ಕೂ ತಿರುಗಿ ನೋಡಲಿಲ್ಲ. ಮನೆಗೆ ಬಂದಾಗ ಸುಮತಿ ಅಂಗಿ ಮೂಸಿ, ಮುಖ ಸೊಟ್ಟ ಮಾಡಿದಳು.

“ಇದೆಂತ ಮಾರಾಯ್ರೆ? ನೀವು ಕಥೆ ಬರೆಯುವವರಾ, ಮೀನು ಮಾರುವವರಾ?”

“ಬೆಕ್ಕಿಗೆ ಅಂತ ಇಟ್ಟದ್ದು.”

“ಬೆಕ್ಕಿಗಲ್ಲ. ನಿಮಗೆ ನನ್ನ ತಮ್ಮನ ಮೇಲೆ ಹೊಟ್ಟೆಕಿಚ್ಚು,” ಎಂದು ನಕ್ಕಳು. ಅವಳು ಅದನ್ನು ಒಂದು ತಮಾಷೆ ಎಂದುಕೊಂಡಿದ್ದಳು.

ಒಂದು ಮಧ್ಯಾಹ್ನ ಗಿರಿಜಕ್ಕನ ಜಗಲಿಯಲ್ಲಿ ಗಂಜಿ ಉಣ್ಣುತ್ತಿದ್ದೆವು. ಜಗನ್ನಾಥ ಒಮ್ಮೆಲೇ, “ಭಾವ, ಕೊನೆಯ ಸೀನ್ ನನಗೆ ಸರಿ ಕಾಣ್ತಾ ಇಲ್ಲ,” ಎಂದ.

“ಎಂತ ಸರಿ ಇಲ್ಲ?”

“ಅಪ್ಪ ಯಾಕೆ ಬರುವುದು? ಅಜ್ಜಿಮನೆಗೆ ಮಗುವನ್ನು ಬಿಡ್ಲಿಕ್ಕೆ, ಕರ್ಕೊಂಡು ಹೋಗ್ಲಿಕ್ಕೆ ನಮ್ಮಲ್ಲಿ ಯಾರು ಬರುವುದು? ಮಾಮ ಅಲ್ವಾ?”

ನನ್ನ ಕೈಯಲ್ಲಿದ್ದ ಚಟ್ನಿ ಬಟ್ಟಲಿಗೆ ಬಿತ್ತು. “ಇದು ಸಿನೆಮಾ,” ಎಂದೆ.

“ಸಿನೆಮಾವೇ. ಆದ್ರೆ ನಮ್ಮ ಊರಿನ ಸಿನೆಮಾ ಅಲ್ವಾ ಭಾವ?” ಎಂದು ಅವನು ಗಿರಿಜಕ್ಕನ ಕಡೆ ತಿರುಗಿದ. “ನೀವೇ ಹೇಳಿ ಗಿರಿಜಕ್ಕ. ಯಾರು ಬರ್ಬೇಕು?”

ಗಿರಿಜಕ್ಕ ಗಂಜಿಯ ಸೌಟು ಎತ್ತಿಕೊಂಡೇ ಯೋಚಿಸಿದರು. “ಮಾಮ ಬಂದ್ರೆ ಎಂತ ಇಲ್ಲ. ಅಲ್ಲಿ ಕೂತ್ಕೊ ಮಾರಾಯ, ಗಂಜಿ ಉಂಟು, ಉಣ್ಣು ಅಂದ್ರೆ ಆಯ್ತು. ಮಗುವಿನ ಅಪ್ಪ ಹೇಳದೆ ಕೇಳದೆ ದೋಣಿಯಿಂದ ಇಳಿದ್ರೆ ನನ್ನ ಎದೆ ಧಸಕ್ ಅಂತದೆ. ಯಾರು ಸತ್ರು ಅಂತ ಕೇಳ್ಬೇಕಾ, ಕೋಳಿ ಕೊಯ್ಬೇಕಾ?”

ಎಲ್ಲರೂ ನಕ್ಕರು. ಕ್ಯಾಮೆರಾದವನು ನಕ್ಕ. ರೂಪಾ ಕೂಡ ನಕ್ಕಳು, ಬಾಯಿತುಂಬ ಗಂಜಿ ಇಟ್ಟುಕೊಂಡು. ನಾನು ಎದ್ದು ಕೈತೊಳೆದೆ. “ಅಪ್ಪ ಬರುವುದಾದರೆ ಈ ಸಿನೆಮಾ. ಇಲ್ಲದಿದ್ದರೆ ನನ್ನ ಹೆಸರು ತೆಗೆ,” ಎಂದೆ. ಜಗನ್ನಾಥ ನನ್ನನ್ನು ಸ್ವಲ್ಪ ಹೊತ್ತು ನೋಡಿದ. ನಗು ಹೋಗಿತ್ತು. “ಆಯ್ತು ಭಾವ. ಅಪ್ಪನೇ ಬರ್ಲಿ,” ಎಂದ. ಅಷ್ಟು ಸುಲಭದಲ್ಲಿ ಅವನು ಬಿಟ್ಟುಕೊಟ್ಟದ್ದೂ ನನಗೆ ಸಮಾಧಾನ ಕೊಡಲಿಲ್ಲ. ಇದ್ದವನು ಕೊಡುವ ಹಾಗೆ ಕೊಟ್ಟ ಎನಿಸಿತು.

ಕೊನೆಯ ದೃಶ್ಯವನ್ನು ಕೊನೆಯ ದಿನಕ್ಕೆ ಇಟ್ಟುಕೊಂಡಿದ್ದೆವು. ಸಂಜೆಯ ಬಸ್ಸಿನಲ್ಲಿ ಕ್ಯಾಮೆರಾ ಬೆಂಗಳೂರಿಗೆ ಮರಳಬೇಕು. ಮರುದಿನಕ್ಕೆ ಅದನ್ನು ಬೇರೆಯವರು ಬಾಡಿಗೆಗೆ ಗೊತ್ತುಮಾಡಿದ್ದರು. ಫಿಲ್ಮ್ ಉಳಿದದ್ದು ಒಂದು ಸುರುಳಿಯ ತುದಿ. ಒಂದೇ ಸಲ ತೆಗೆಯಬಹುದು, ಎರಡನೆಯ ಅವಕಾಶವಿಲ್ಲ. ಜಗನ್ನಾಥ, ಕ್ಯಾಮೆರಾದವನು, ರೂಪಾ ಮೊದಲೇ ಬೆಂಗ್ರೆಗೆ ದಾಟಿದ್ದರು. ನಾನು ಬ್ಯಾಂಕಿಗೆ ಹೋಗಿ ಸಂಜೀವಣ್ಣನನ್ನು ಬಿಡಿಸಿಕೊಂಡು, ಅವರ ಮುಖಕ್ಕೆ ಮೀಸೆ ಅಂಟಿಸಿ, ಬಂದರಿನ ಕಡವಿಗೆ ಬಂದೆ.

ಕಡವು ನಿಂತಿತ್ತು. ಘಟ್ಟದ ಮೇಲೆ ರಾತ್ರಿಯಿಡೀ ಸುರಿದ ಮಳೆ ಆಗ ಕೆಳಗಿಳಿದು ಬರುತ್ತಿತ್ತು. ಹೊಳೆ ಕೆಂಪಗೆ ಉಬ್ಬಿ, ಬಾಳೆಗಿಡಗಳನ್ನೂ ಮರದ ದಿಮ್ಮಿಗಳನ್ನೂ ಸಮುದ್ರ ಸೇರುವ ಅಳಿವೆಯ ಕಡೆ ಒಯ್ಯುತ್ತಿತ್ತು. ಕಡವಿನ ದೋಣಿಯನ್ನು ಆಚೆ ದಡದಲ್ಲಿ ಕಟ್ಟಿಹಾಕಿದ್ದರು. ದಾಟಬೇಕಾದವರೆಲ್ಲ ಈಚೆ ಗುಂಪು ಸೇರಿದ್ದರು: ಬುಟ್ಟಿ ಹಿಡಿದ ಹೆಂಗಸರು, ಅಕ್ಕಿ ಚೀಲದವರು, ಆಸ್ಪತ್ರೆಯಿಂದ ಹಿಂತಿರುಗುವವರು. ಐಸ್ ಪ್ಲಾಂಟಿನಿಂದ ಹಂಚಿನ ರಾಶಿಯ ತನಕ ದಡದುದ್ದಕ್ಕೂ ಕೊಡೆಯೇ ಕೊಡೆ.

“ಮಾಸ್ಟ್ರೇ, ನನ್ನ ಮೀಸೆ ನೀರಾಗ್ತಾ ಉಂಟು,” ಎಂದರು ಸಂಜೀವಣ್ಣ.

“ಸ್ವಲ್ಪ ತಡೀರಿ. ನೀರು ಇಳಿದ ಕೂಡಲೇ ಬಿಡ್ತಾರಂತೆ.”

“ನೀರು ಇಳಿಯುವುದು ನಾಡಿದ್ದು ಮಾರಾಯ್ರೆ. ನಾನು ಮಗುವಿನ ಅಪ್ಪ ಆಗುವ ಮೊದಲು ಬ್ಯಾಂಕಿನವರು ನನ್ನನ್ನು ಅನಾಥ ಮಾಡ್ತಾರೆ.”

ನಾನು ನಗಲಿಲ್ಲ. ಆಚೆ ದಡ ನೋಡುತ್ತಿದ್ದೆ. ಕೂಗಿದರೆ ಕೇಳದಷ್ಟು, ಅಂಗಿಯ ಬಣ್ಣ ಗುರುತು ಸಿಗುವಷ್ಟು ದೂರ. ಅಲ್ಲಿ ಕಂಡದ್ದನ್ನು ಕಂಡಷ್ಟೇ ಹೇಳುತ್ತೇನೆ. ಜಗನ್ನಾಥನ ಕೆಂಪು ಅಂಗಿ ದೋಣಿಯ ಹತ್ತಿರ ಬಂದು ನಿಂತಿತು. ಅವನು ನಮ್ಮ ಕಡೆಗೆ ಕೈ ಎತ್ತಿ ಬೀಸಿದ. ಆ ಕೈಬೀಸುವಿಕೆಯ ಅರ್ಥ ನನಗೆ ತಿಳಿಯಲಿಲ್ಲ. ನಾನೂ ಕೊಡೆ ಎತ್ತಿ ಆಡಿಸಿದೆ. ಇಷ್ಟು ಕೊಡೆಗಳ ನಡುವೆ ಅದು ಅವನಿಗೆ ಕಂಡಿತೋ ಇಲ್ಲವೋ. ಆಮೇಲೆ ಕ್ಯಾಮೆರಾವನ್ನು ಕಟ್ಟಿದ ದೋಣಿಯೊಳಗೆ ಇಳಿಸಿ, ಅದರ ಮೇಲೆ ಪ್ಲಾಸ್ಟಿಕ್ ಹೊದೆಸಿದರು. ಯಾರೋ ಜಗನ್ನಾಥನಿಗೆ ಒಂದು ಬಿಳಿ ಅಂಗಿ ಕೊಟ್ಟರು. ಅವನು ಅಲ್ಲಿಯೇ, ಮಳೆಯಲ್ಲೇ, ಅಂಗಿ ಬದಲಿಸಿದ. ಕೊಡೆ ಬಿಡಿಸಿ ದೋಣಿಗೆ ಹತ್ತಿದ. ಆಗ ನನಗೆ ಅರ್ಥವಾಯಿತು, ಅಪ್ಪನಾಗಿ ಇಳಿಯುವವನು ಅವನೇ.

ಅವನು ದೋಣಿಯಿಂದ ಇಳಿದ. ಮರಳಿನ ಆ ತುದಿಯಿಂದ ಹಳದಿ ಫ್ರಾಕು ಓಡಿಬಂತು. ನನ್ನ ಮಗಳು ಅಷ್ಟು ಜೋರಾಗಿ ನನ್ನ ಕಡೆ ಓಡಿಬಂದದ್ದು ನನಗೆ ನೆನಪಿಲ್ಲ. ಹಳದಿ ಬಿಳಿಯನ್ನು ಮುಟ್ಟುವಷ್ಟರಲ್ಲಿ ಅಳಿವೆಯ ಕಡೆಯಿಂದ ಮಳೆ ಬೀಸಿ ಬಂದು, ನನ್ನ ಮುಂದೆ ನಿಂತವರ ಕೊಡೆಗಳೆಲ್ಲ ಅಡ್ಡ ವಾಲಿ, ಆಚೆ ದಡ ಪೂರ್ತಿ ಮರೆಯಾಯಿತು. ನಾನು ಕಂಡದ್ದು ಅಷ್ಟೇ. ಉಳಿದದ್ದನ್ನು ಊಹಿಸಿಕೊಂಡೆ. ಅವಳು ಅವನ ಸೊಂಟಕ್ಕೆ ಜೋತುಬಿದ್ದಿರಬೇಕು, ಅವನು ಎತ್ತಿಕೊಂಡಿರಬೇಕು, ನನ್ನ ಮಾತನ್ನು ತನ್ನ ಬಾಯಿಂದ ಹೇಳಿರಬೇಕು. ನನ್ನ ಪಕ್ಕದಲ್ಲಿ ಸಂಜೀವಣ್ಣ ಮೀಸೆ ಕಿತ್ತು ಜೇಬಿಗೆ ಹಾಕಿಕೊಂಡರು. “ಹೋಗ್ಲಿ ಬಿಡಿ ಮಾಸ್ಟ್ರೇ. ಮಾಮ ಅಲ್ವಾ, ಹೊರಗಿನವನಾ?” ಎಂದರು.

ಸಂಜೆ ನೀರು ಸ್ವಲ್ಪ ಇಳಿದು ಅವರು ದಾಟಿಬಂದಾಗ ಜಗನ್ನಾಥ ಚಳಿಗೆ ನಡುಗುತ್ತಿದ್ದ. “ಭಾವ, ಬೇರೆ ದಾರಿ ಇರ್ಲಿಲ್ಲ. ಆದ್ರೆ ಶಾಟ್ ಭಾರಿ ಒಳ್ಳೆದು ಬಂದಿದೆ. ಅದು ನಿಮ್ಮದೇ ಶಾಟ್,” ಎಂದ. ಗೆದ್ದವನು ಸೋತವನ ಬೆನ್ನು ತಟ್ಟುವ ಮಾತು ಎಂದು ನಾನು ತಿಳಿದೆ. ರೂಪಾ ಅವನ ಒದ್ದೆ ಅಂಗಿಯ ತುದಿ ಹಿಡಿದುಕೊಂಡೇ ನಿದ್ದೆ ತೂಗುತ್ತಿದ್ದಳು.

ಧ್ವನಿ ಸೇರಿಸಲು ಅವನು, ಸುಮತಿ, ರೂಪಾ ಬೆಂಗಳೂರಿಗೆ ಹೋದರು. ಶಾಲೆಗೆ ರಜೆ ಸಿಗುವುದಿಲ್ಲ ಎಂದು ನಾನು ಹೋಗಲಿಲ್ಲ. ಕೇಳಿದ್ದರೆ ಸಿಗುತ್ತಿತ್ತು. ಅವರಿಲ್ಲದ ಆ ವಾರ ಕುಲಶೇಖರದ ಮನೆಯಲ್ಲಿ ಒಬ್ಬನೇ ಕೂತು, ನಾನು ನನ್ನ ಮನಸ್ಸಿನಲ್ಲಿ ಆ ದೃಶ್ಯವನ್ನು ಮತ್ತೆ ಮತ್ತೆ ನೋಡಿದೆ. ಪ್ರತಿಸಲವೂ ಹುಡುಗಿ ಇನ್ನಷ್ಟು ಜೋರಾಗಿ ಓಡುತ್ತಿದ್ದಳು. ಪ್ರತಿಸಲವೂ ಅವನು ಇನ್ನಷ್ಟು ಎತ್ತರಕ್ಕೆ ಎತ್ತುತ್ತಿದ್ದ. ಹೊಟ್ಟೆಕಿಚ್ಚಿಗೆ ಫಿಲ್ಮ್ ಮುಗಿಯುವುದು ಎಂಬುದಿಲ್ಲ.

ಟಿವಿಯಲ್ಲಿ ಬಂದ ದಿನ ಬೋಳಾರದ ಈ ಮನೆಯ ಚಾವಡಿ ತುಂಬಿತ್ತು. ಕಿಟಕಿಯ ಹೊರಗೂ ಜನ. ಗಿರಿಜಕ್ಕ ಹೊಸ ಸೀರೆ ಉಟ್ಟು ಬೆಂಗ್ರೆಯಿಂದ ಬಂದು ಮುಂದಿನ ಸಾಲಲ್ಲಿ ಕೂತಿದ್ದರು, ತಮ್ಮನ್ನು ಪರದೆಯಲ್ಲಿ ಕಂಡಾಗಲೆಲ್ಲ, “ಅಯ್ಯೋ, ಇಷ್ಟು ಕಪ್ಪಾ ನಾನು?” ಎನ್ನುತ್ತಿದ್ದರು. ಬೆಕ್ಕುಗಳು ಹಾಜರಿ ಹೇಳುವಾಗ ಮಕ್ಕಳು ಬಿದ್ದು ಬಿದ್ದು ನಕ್ಕವು. ನನ್ನ ಹೆಸರು ಬಂತು, ಹೋಯಿತು. ನಾನು ಕೊನೆಗಾಗಿ ಕಾಯುತ್ತಿದ್ದೆ.

ಕೊನೆ ಬಂತು. ದೋಣಿಯೊಳಗಿನಿಂದ ಕಾಣುವ ದಡ. ಬಿಳಿ ಅಂಗಿಯವನ ಬೆನ್ನು, ಕೊಡೆ. ಅವನ ಮುಖ ಇಲ್ಲವೇ ಇಲ್ಲ. ಹುಡುಗಿ ನಮ್ಮ ಕಡೆಗೆ ಓಡಿಬರುತ್ತಾಳೆ. ಕೈಗೆ ಸಿಗುವಷ್ಟು ಹತ್ತಿರ ಬಂದವಳು ಅಲ್ಲಿಯೇ ನಿಲ್ಲುತ್ತಾಳೆ. ಗಾಳಿಗೋ ಏನೋ, ಅವನ ಕೊಡೆ ಒಮ್ಮೆ ಬಲಕ್ಕೆ ವಾಲುತ್ತದೆ. ಅವಳು ಅವನನ್ನು ಮುಟ್ಟುವುದಿಲ್ಲ. ತಲೆ ಎತ್ತಿ, ಅವನನ್ನು ದಾಟಿ, ಹೊಳೆಯ ಆಚೆಗೆ ನೋಡುತ್ತಾಳೆ. ಅವಳ ಕಣ್ಣು ನಿಧಾನವಾಗಿ ಒಂದು ಕಡೆಯಿಂದ ಇನ್ನೊಂದು ಕಡೆಗೆ ಹೋಗುತ್ತದೆ. ಮಳೆನೀರು ಹಣೆಯಿಂದ ಇಳಿಯುತ್ತಿದೆ, ಒರೆಸಿಕೊಳ್ಳುವುದಿಲ್ಲ. ಮಾತಿಲ್ಲ. ನನ್ನ ‘ಮಳೆ ನಿಂತಿತು’ ಇಲ್ಲ. ಮಳೆಯ ಸದ್ದು ಮಾತ್ರ. ಹಾಗೆ ನೋಡುತ್ತಿರುವಾಗಲೇ ಮುಗಿಯುತ್ತದೆ.

“ಯಾರನ್ನು ಹುಡುಕುವುದು ಮಗು?” ಎಂದು ನನ್ನ ಅತ್ತೆ ಮೆಲ್ಲಗೆ ಕೇಳಿದರು. ಗಿರಿಜಕ್ಕ ಸೆರಗಿನಿಂದ ಮೂಗು ಒರೆಸಿಕೊಂಡರು. ಆಮೇಲೆ ಎಲ್ಲರೂ ಒಮ್ಮೆಲೇ ಜಗನ್ನಾಥನನ್ನು ಸುತ್ತಿಕೊಂಡರು. ಇಂಥ ಕೊನೆಯನ್ನು ಅವನ ಮಂಡೆ ಮಾತ್ರ ಯೋಚಿಸಬಲ್ಲದು ಎಂದರು. ಅವನು ಗುಂಪಿನ ನಡುವಿನಿಂದ ನನ್ನ ಕಡೆ ಬೆರಳು ತೋರಿಸಿ, “ಅಲ್ಲ, ಅಲ್ಲ. ಅದು ಭಾವನ ಶಾಟ್,” ಎಂದ. ಎಲ್ಲರೂ ಅವನ ದೊಡ್ಡತನಕ್ಕೆ ಮೆಚ್ಚಿದರು. ನಾನು ಎದ್ದು ಅಂಗಳಕ್ಕೆ ಹೋದೆ.

ಆ ನೋಟ ಯಾರದ್ದು? ಇದು ಆ ದಿನ ನನ್ನೊಳಗೆ ಕೂತ ಪ್ರಶ್ನೆ. ಮಗು ತಾನಾಗಿ ನನ್ನನ್ನು ಹುಡುಕಿತೇ, ಅಥವಾ ಹಾಗೆ ನೋಡು ಎಂದು ಅವನು ಹೇಳಿಕೊಟ್ಟನೇ? ತಾನಾಗಿ ನೋಡಿದ್ದರೆ ಅದು ನನ್ನದು. ಅವನು ಹೇಳಿದ್ದಾದರೆ ಅದೂ ಅವನದೇ, ನಾನು ಪೂರ್ತಿ ಬರಿಗೈ. ಕೇಳಿದರೆ ಎರಡರಲ್ಲಿ ಒಂದು ಉತ್ತರ ಬರುತ್ತಿತ್ತು. ಕೇಳದಿದ್ದರೆ ಅರ್ಧವಾದರೂ ನನ್ನದಾಗಿ ಉಳಿಯುತ್ತಿತ್ತು. ನಾನು ಕೇಳಲಿಲ್ಲ. ಜಗನ್ನಾಥ ಮತ್ತೆ ಮುಂಬಯಿಗೆ ಹೋದ, ದೊಡ್ಡವರ ಜೊತೆ ಕೆಲಸ ಮಾಡಿದ, ಮುದುಕನಾಗಿ ಬೋಳಾರಕ್ಕೆ ಬಂದ. ನಾನು ಶಾಲೆ ಬಿಟ್ಟು ಮಕ್ಕಳಿಗಾಗಿ ಬರೆಯುತ್ತಲೇ ಹೋದೆ. ನನ್ನ ಗಡಿಯಾರ, ತೆಂಗಿನಮರ, ದೆವ್ವ, ಎಲ್ಲದರ ಕೊನೆಗೂ ಒಬ್ಬ ಅಪ್ಪ ಬರುತ್ತಾನೆ: ಬಸ್ಸಿನಲ್ಲಿ, ಸೈಕಲ್ಲಿನಲ್ಲಿ, ಒಮ್ಮೆ ಆನೆಯ ಮೇಲೆ. ಕಾಲೇಜಿನಲ್ಲಿದ್ದಾಗ ರೂಪಾ, “ಪಪ್ಪಾ, ಈ ಸಲ ಎಂತದ್ರಲ್ಲಿ ಬರ್ತಾನೆ ನಿಮ್ಮ ಹೀರೋ? ವಿಮಾನವಾ?” ಎಂದು ಕಾಡುತ್ತಿದ್ದಳು. ಅವುಗಳಲ್ಲಿ ಒಂದು ಕೊನೆಯೂ ‘ಬೆಕ್ಕಿನ ಶಾಲೆ’ಯ ಕೊನೆಯ ಹತ್ತಿರ ಬರಲಿಲ್ಲ. ಅದು ನನಗೆ ಗೊತ್ತಿತ್ತು. ಅವನಿಗೂ ಗೊತ್ತಿತ್ತು ಎಂದುಕೊಂಡಿದ್ದೆ.

ಡಬ್ಬಿಯೊಳಗಿನ ಸುರುಳಿ ಅಂಟಿ ಒಂದೇ ಗಟ್ಟಿಯಾಗಿತ್ತು. ಇನ್ನು ಅದನ್ನು ಯಾರೂ ನೋಡುವಂತಿಲ್ಲ. ಬಹುಶಃ ಅದಕ್ಕೇ ಕೇಳಿಬಿಟ್ಟೆ.

“ರೂಪಾ, ಕೊನೆಯ ಶಾಟಿನಲ್ಲಿ ನೀನು ಹೊಳೆಯ ಆಚೆ ನೋಡ್ತೀಯಲ್ಲ. ಅದು ನೀನಾಗಿ ನೋಡಿದ್ದಾ?”

“ಇಲ್ಲ ಪಪ್ಪ. ಮಾಮ ಹೇಳಿದ್ದು.”

ನಾನು ಮುಚ್ಚಳ ಹಾಕಲು ಹೋದೆ. ತುಕ್ಕಿನ ಅಂಚಿಗೆ ಅದು ಸರಿಯಾಗಿ ಕೂರಲಿಲ್ಲ.

“ಓಡಿಬಂದು ತನ್ನನ್ನು ಅಪ್ಪಿಕೊಳ್ಬೇಕು ಅಂತ ಮಾಮ ಮೊದಲು ನನಗೆ ಹೇಳಿದ್ರು,” ಎಂದಳು ರೂಪಾ. “ನಾನು ಓಡಿ ಹತ್ತಿರ ಬಂದೆ. ಆಗ ಮಾಮ ಕೊಡೆ ಸ್ವಲ್ಪ ವಾಲಿಸಿ, ‘ನನ್ನನ್ನು ಹಿಡೀಬೇಡ ಮಗಾ. ಅಲ್ಲಿ ನೋಡು, ಆಚೆ ದಡದಲ್ಲಿ ನಿನ್ನ ಅಪ್ಪ ನಿಂತಿದ್ದಾರೆ. ಆಗದಿಂದ ನಿಂತಿದ್ದಾರೆ ಪಾಪ. ಎಲ್ಲಿದ್ದಾರೆ ಹುಡುಕು’ ಅಂದ್ರು. ಕ್ಯಾಮೆರಾ ಓಡ್ತಾ ಇತ್ತು. ನೋಡಿದೆ. ಆಚೆ ಬದಿ ಇಡೀ ಕೊಡೆ. ಎಲ್ಲ ಕಪ್ಪು. ಯಾವುದು ನಿಮ್ಮದು ಅಂತ ಗೊತ್ತಾಗ್ಲೇ ಇಲ್ಲ. ಒಂದೊಂದೇ ನೋಡ್ತಾ ಬಂದೆ.”

“ನೀನು ಇದನ್ನು ನನಗೆ ಹೇಳಲಿಲ್ಲ.”

“ನೀವು ಕೇಳ್ಲಿಲ್ಲ. ಮಾಮ ಹೇಳಿದ್ದಾರೆ ಅಂತ ನಾನು ಗ್ರಹಿಸಿದ್ದೆ.”

ಮಾಮ ಹೇಳಿದ್ದ. ಅದು ಭಾವನ ಶಾಟ್ ಎಂದು ಎರಡು ಸಲ, ನನ್ನ ಮುಖಕ್ಕೇ ಹೇಳಿದ್ದ. ಹೊಟ್ಟೆಕಿಚ್ಚು ಆರಿತು ಎಂದು ಈಗ ಬರೆದರೆ ಓದುವವರಿಗೆ ಹಿತವಾದೀತು, ಆದರೆ ನಿಜವಾಗುವುದಿಲ್ಲ. ಅದು ಜಾಗ ಬದಲಿಸಿತು, ಅಷ್ಟೇ. ನನ್ನ ಮಗಳು ಅವನ ಕಡೆ ಓಡಿದಳೆಂದು ಇಷ್ಟು ವರ್ಷ ಉರಿದೆ. ಈಗ ಆ ಒಂದು ಮಾತಿಗಾಗಿ ಉರಿಯುತ್ತಿದ್ದೇನೆ. ಎಲ್ಲಿದ್ದಾರೆ ಹುಡುಕು. ಕಥೆಯಲ್ಲಿ ಅಪ್ಪನನ್ನು ದೋಣಿಯಿಂದ ಇಳಿಸಲು ನಾನು ಅಷ್ಟು ಪುಟ ಬರೆದೆ. ಅವನು ಮಳೆಯಲ್ಲಿ ನಿಂತು, ಫಿಲ್ಮ್ ಮುಗಿಯುವುದರೊಳಗೆ, ತನ್ನನ್ನೇ ಬದಿಗೆ ಸರಿಸಿ, ಅಪ್ಪನನ್ನು ತಂದುಬಿಟ್ಟ. ಬರೆಯುವವನು ನಾನು, ಆ ಮಾತು ನನಗೆ ಹೊಳೆಯಬೇಕಿತ್ತು.

ಸುಮತಿ ಬಂದು ಡಬ್ಬಿಯನ್ನು ಹೊರಗೆ ಇಡಲು ಹೇಳಿದಳು. ರೂಪಾ ಎತ್ತಿಕೊಂಡವಳು ಬಾಗಿಲಲ್ಲಿ ನಿಂತಳು.

“ಹೌದು ಪಪ್ಪ, ಅಷ್ಟು ಜನರಲ್ಲಿ ನೀವು ಎಲ್ಲಿ ನಿಂತಿದ್ರಿ?”

“ತುದಿಯಲ್ಲಿ. ಹಂಚಿನ ರಾಶಿಯ ಹತ್ತಿರ. ಪಕ್ಕದಲ್ಲಿ ಸಂಜೀವಣ್ಣ.”

ಅವಳು ಆ ದಡವನ್ನು ಮನಸ್ಸಿನಲ್ಲಿ ತಂದುಕೊಳ್ಳುವ ಹಾಗೆ ಕಣ್ಣು ಕಿರಿದು ಮಾಡಿದಳು. ಪರದೆಯ ಮೇಲೆ ಕಂಡಿದ್ದ ಆ ಹುಡುಗಿಯ ಮುಖ ಅವಳಲ್ಲಿ ಒಂದು ಗಳಿಗೆ ಬಂದು ಹೋಯಿತು.

“ಅಯ್ಯೋ,” ಎಂದಳು. “ನಾನು ಐಸ್ ಪ್ಲಾಂಟಿನ ಕಡೆಯಿಂದ ಹುಡುಕ್ಲಿಕ್ಕೆ ಶುರು ಮಾಡಿದ್ದು. ನಿಮ್ಮ ಹತ್ರ ಬರುವಾಗ ಫಿಲ್ಮ್ ಮುಗೀತು.”